ನುಂಗಲು ಕಷ್ಟವಾದವರಿಗೆ ಗಂಜಿ ಸಾಕೇ?

(ಮನೆಯಲ್ಲಿ ಹಿರಿಯರನ್ನು, ರೋಗಿಗಳನ್ನು ನೋಡಿಕೊಳ್ಳುವವರಿಗಾಗಿ ಉಡುಪಿಯಲ್ಲಿ ಆಡಿದ ಮಾತುಗಳ ಬರಹ ರೂಪ. ಓದಲು ಅನುಕೂಲವಾಗಲಿ ಅಂತ ಅಲ್ಲಲ್ಲಿ ತಿದ್ದಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ನಮ್ಮ ಕಡೆ ಯಾರಿಗಾದರೂ ಹುಷಾರಿಲ್ಲ ಅಂದರೆ ಮೊದಲು ಒಲೆ ಏರುವುದು ಗಂಜಿ. ಜ್ವರ ಬಂದರೂ ಗಂಜಿ, ಆಪರೇಷನ್ ಆದರೂ ಗಂಜಿ, ಲಕ್ವ ಹೊಡೆದು ಆಸ್ಪತ್ರೆಯಿಂದ ಮನೆಗೆ ಬಂದರೂ ಗಂಜಿ. ಕುಚ್ಚಲಕ್ಕಿ ಚೆನ್ನಾಗಿ ಬೆಂದಿದ್ದರೆ ಹೊಟ್ಟೆಗೆ ಹಿತ, ಅದರಲ್ಲಿ ಎರಡು ಮಾತಿಲ್ಲ. ಆದರೆ ಇವತ್ತು ನಾನು ಹೇಳಬೇಕೆಂದು ಬಂದ ಮುಖ್ಯ ಮಾತು ಇದು: ನುಂಗಲು ತೊಂದರೆ ಇರುವವರಿಗೆ ನಾವು ದಿನಾ ಮಾಡುವ ಗಂಜಿ ಅತಿ ಕಷ್ಟದ ಆಹಾರಗಳಲ್ಲಿ ಒಂದು.

ಯಾಕೆ ಅಂದರೆ, ಆ ಬಟ್ಟಲಲ್ಲಿ ಎರಡು ಪದಾರ್ಥ ಇವೆ. ನೀರಿನಂಥ ತಿಳಿ ಒಂದು, ಅದರಲ್ಲಿ ಬಿಡಿಬಿಡಿಯಾಗಿರುವ ಅಗಳು ಇನ್ನೊಂದು. ಅಗಳನ್ನು ಅಗಿಯಬೇಕು. ಅಗಿಯುವಷ್ಟು ಹೊತ್ತು ತಿಳಿಯನ್ನು ಬಾಯಲ್ಲೇ ತಡೆದು ಇಟ್ಟುಕೊಳ್ಳಬೇಕು. ನಮಗೆಲ್ಲ ಇದು ಗೊತ್ತೇ ಆಗದ ಹಾಗೆ ನಡೆದುಹೋಗುತ್ತದೆ. ನಾಲಿಗೆಯ ಬಲ ಕಡಿಮೆಯಾದವರಿಗೆ ಆಗುವುದಿಲ್ಲ. ಅವರು ಅಗಿಯುತ್ತಿರುವಾಗಲೇ ತಿಳಿ ಹಿಂದಕ್ಕೆ ಜಾರುತ್ತದೆ, ಗಂಟಲು ತಯಾರಾಗುವ ಮೊದಲೇ ಉಸಿರಿನ ದಾರಿಗೆ ಇಳಿಯುತ್ತದೆ. ಸಾರು ಜಾಸ್ತಿ ಹಾಕಿದ ಅನ್ನ, ಹಾಲಿಗೆ ಹಾಕಿದ ಅವಲಕ್ಕಿ, ಕಲ್ಲಂಗಡಿ ಹಣ್ಣು, ಎಲ್ಲದರದ್ದೂ ಇದೇ ಕಥೆ.

"ಬರೀ ಗಂಜಿ ಕೊಟ್ಟದ್ದು ಮೇಡಂ, ಬೇರೆ ಎಂತದ್ದೂ ಕೊಡಲಿಲ್ಲ. ಮತ್ತೆ ಕಫ ಹೇಗೆ ಕಟ್ಟಿತು?" ಅಂತ ಮನೆಯವರು ಕೇಳುವುದನ್ನು ನಾನು ಮತ್ತೆ ಮತ್ತೆ ಕೇಳಿದ್ದೇನೆ. ಅವರು ಪ್ರೀತಿಯಿಂದಲೇ ಕೊಟ್ಟಿರುತ್ತಾರೆ. ತಪ್ಪು ಅವರದ್ದಲ್ಲ. ಮೆತ್ತಗಿದ್ದರೆ ಸುಲಭ ಅಂತ ನಮಗೆಲ್ಲ ಅನಿಸುತ್ತದೆ, ಯಾರೂ ಬೇರೆ ಹೇಳಿಕೊಟ್ಟಿರುವುದಿಲ್ಲ.

ನುಂಗುವುದು ಹೇಗೆ ಅಂತ ಸ್ವಲ್ಪ ತಿಳಿದುಕೊಂಡರೆ ಮುಂದಿನದು ಸುಲಭವಾಗುತ್ತದೆ. ಗಂಟಲಿನಲ್ಲಿ ಗಾಳಿಯ ದಾರಿ ಮತ್ತು ಅನ್ನದ ದಾರಿ ಒಂದನ್ನೊಂದು ದಾಟುತ್ತವೆ. ಮುಂದೆ ಉಸಿರುನಾಳ, ಹಿಂದೆ ಅನ್ನನಾಳ. ರೈಲ್ವೆ ಗೇಟ್ ಇದ್ದ ಹಾಗೆ ಅಂತ ಇಟ್ಟುಕೊಳ್ಳಿ. ತುತ್ತು ಬರುವ ಹೊತ್ತಿಗೆ ಸರಿಯಾಗಿ ಗಾಳಿಯ ದಾರಿ ಮುಚ್ಚಬೇಕು. ಧ್ವನಿಪೆಟ್ಟಿಗೆ ಮೇಲಕ್ಕೂ ಮುಂದಕ್ಕೂ ಎದ್ದು, ಒಳಗಿನ ಧ್ವನಿತಂತುಗಳು ಬಿಗಿಯಾಗಿ ಸೇರಿ, ಮೇಲಿನ ಮುಚ್ಚಳ ಬಾಗುತ್ತದೆ. ಅಷ್ಟು ಹೊತ್ತು ಉಸಿರಾಟವೇ ನಿಂತಿರುತ್ತದೆ. ಅದೇ ಗಳಿಗೆಯಲ್ಲಿ ಅನ್ನನಾಳದ ಬಾಯಿ ತೆರೆಯುತ್ತದೆ. ಗಂಟಲಿನ ಈ ಇಡೀ ಕೆಲಸಕ್ಕೆ ಹಿಡಿಯುವುದು ಸುಮಾರು 1 ಸೆಕೆಂಡು. ಮಿದುಳಿನಿಂದ ಹೊರಡುವ 5 ಜೋಡಿ ನರಗಳು ಇದರಲ್ಲಿ ಸೇರಿವೆ. ಕುತ್ತಿಗೆಯ ಮುಂದೆ ಬೆರಳಿಟ್ಟು ಎಂಜಲು ನುಂಗಿ ನೋಡಿ. ಮೇಲೆದ್ದು ಇಳಿಯುತ್ತದಲ್ವಾ, ಅದೇ.

ಗೇಟ್ ಹಾಕುವುದು ಸ್ವಲ್ಪ ತಡವಾದರೆ, ಅಥವಾ ಪೂರ್ತಿ ಮುಚ್ಚದಿದ್ದರೆ, ಅನ್ನವೋ ನೀರೋ ಶ್ವಾಸಕೋಶಕ್ಕೆ ಹೋಗುತ್ತದೆ. ನಮಗೂ ಯಾವಾಗಲಾದರೂ ನೆತ್ತಿಗೆ ಹತ್ತುತ್ತದೆ. ಯಾರೋ ನೆನೆಸಿಕೊಳ್ತಿದ್ದಾರೆ ಅಂತ ತಲೆ ತಟ್ಟಿಕೊಳ್ಳುತ್ತೇವೆ, ಕೆಮ್ಮುತ್ತೇವೆ, ಸರಿಹೋಗುತ್ತದೆ. ರೋಗಿಗೆ ಇದು ಪ್ರತಿ ಊಟದಲ್ಲೂ ಆಗುತ್ತಿದ್ದರೆ, ಕೆಮ್ಮಲು ಶಕ್ತಿಯೂ ಇಲ್ಲದಿದ್ದರೆ, ಅದು ನ್ಯುಮೋನಿಯಾಕ್ಕೆ ದಾರಿ.

ಈ ತೊಂದರೆ ಯಾರಲ್ಲಿ ಕಾಣುತ್ತದೆ? ಎಲ್ಲಕ್ಕಿಂತ ಮೊದಲು ಲಕ್ವ ಆದವರಲ್ಲಿ. ಮೊದಲ ದಿನಗಳಲ್ಲಿ ಅವರಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಜನರಿಗೆ ನುಂಗುವ ತೊಂದರೆ ಇರುತ್ತದೆ. ಸಮಾಧಾನದ ವಿಷಯ ಅಂದರೆ ಬಹಳ ಜನರಿಗೆ ಕೆಲವೇ ವಾರಗಳಲ್ಲಿ ಸುಧಾರಿಸುತ್ತದೆ. ಆದ್ದರಿಂದಲೇ ಆ ಮೊದಲ ವಾರಗಳಲ್ಲಿ ಎದೆಗೆ ಸೋಂಕಾಗದ ಹಾಗೆ ಕಾಪಾಡಿಕೊಳ್ಳುವುದು ತುಂಬಾ ಮುಖ್ಯ. ಒಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ಬಾಯಿ ಸೊಟ್ಟಗಾಗಿ, ಕೈ ಬಿದ್ದು, ಮಾತು ತೊದಲಿದ ಕೂಡಲೇ ನಾವು ಮಾಡುವ ಮೊದಲ ಕೆಲಸ ನೀರು ಕುಡಿಸುವುದು. ದಯವಿಟ್ಟು ಬೇಡ. ನೀರು ಬೇಡ, ಕಾಫಿ ಬೇಡ, ಮಾತ್ರೆಯೂ ಬೇಡ. ಗಾಡಿ ಹತ್ತಿಸಿ ಆಸ್ಪತ್ರೆಗೆ ಹೊರಡಿ. ರಕ್ತದ ಹೆಪ್ಪು ಕರಗಿಸುವ ಇಂಜೆಕ್ಷನ್ ಕೊಡಲು ಸಾಮಾನ್ಯವಾಗಿ ಇರುವ ಸಮಯ ನಾಲ್ಕೂವರೆ ಗಂಟೆ. ಅಲ್ಲಿ ನುಂಗುವುದನ್ನು ಪರೀಕ್ಷಿಸಿದ ಮೇಲೆಯೇ ಬಾಯಿಗೆ ಏನಾದರೂ ಕೊಡಬೇಕು.

ಪಾರ್ಕಿನ್ಸನ್ ಇರುವವರಲ್ಲಿ ಇದು ನಿಧಾನವಾಗಿ, ಸದ್ದಿಲ್ಲದೆ ಬರುತ್ತದೆ. ಅವರಿಗೆ ಮಾತ್ರೆಯ ಗುಣ ಚೆನ್ನಾಗಿ ಹಿಡಿದಿರುವ ಹೊತ್ತಿಗೆ ಊಟ ಹೊಂದಿಸಿ. ಅಷ್ಟರಿಂದಲೇ ಎಷ್ಟೋ ವ್ಯತ್ಯಾಸ ಕಾಣುತ್ತದೆ. ಊಟದ ಶುರುವಿನಲ್ಲಿ ಸರಿಯಾಗಿದ್ದು ಕೊನೆಕೊನೆಗೆ ನುಂಗಲಾಗದೆ, ಕಣ್ಣಿನ ರೆಪ್ಪೆಯೂ ಜೋಲುತ್ತಿದ್ದರೆ ನರರೋಗ ತಜ್ಞರಿಗೆ ತೋರಿಸಿ. ಸ್ನಾಯು ಬೇಗ ದಣಿಯುವ ಕಾಯಿಲೆಯೊಂದಿದೆ, ಅದಕ್ಕೆ ಒಳ್ಳೆಯ ಔಷಧಿ ಇದೆ.

ಇನ್ನು ಬಾಯಿ ಮತ್ತು ಗಂಟಲಿನ ಕ್ಯಾನ್ಸರ್. ಅಡಿಕೆ ಬೆಳೆಯುವ ಊರಿನವರು ನಾವು, ಇದನ್ನು ಹೇಳದೆ ಬಿಡಲು ಮನಸ್ಸು ಒಪ್ಪುವುದಿಲ್ಲ. ತಂಬಾಕು ಇಲ್ಲದ ಬರೀ ಅಡಿಕೆಯೂ ಕ್ಯಾನ್ಸರ್ ತರುತ್ತದೆ ಅಂತ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2003ರಲ್ಲೇ ಹೇಳಿದೆ. ಅದಕ್ಕೂ ಮೊದಲು ಬಾಯಿಯ ಒಳಚರ್ಮ ಬಿಗಿಯಾಗುತ್ತಾ ಹೋಗುತ್ತದೆ. ಖಾರ ತಿಂದರೆ ಉರಿ. ಬಾಯಿ ತೆರೆಯುವುದು ಕಡಿಮೆ. ನಿಮ್ಮದೇ ಮೂರು ಬೆರಳುಗಳು ಒಂದರ ಮೇಲೊಂದು ನಿಂತ ಹಾಗೆ ಮುಂದಿನ ಹಲ್ಲುಗಳ ನಡುವೆ ಹಿಡಿಯದಿದ್ದರೆ ವೈದ್ಯರಿಗೆ ತೋರಿಸಿ. ವಿಕಿರಣ ಚಿಕಿತ್ಸೆ ಆಗುತ್ತಿರುವವರು ನೋವಿದೆ ಅಂತ ನುಂಗುವುದನ್ನೇ ಬಿಡಬಾರದು. ಚಿಕಿತ್ಸೆ ಶುರುವಾಗುವ ಮೊದಲೇ ನಮ್ಮಂಥ ಮಾತಿನ ಚಿಕಿತ್ಸಕರನ್ನು ಕಂಡು ನುಂಗುವ ವ್ಯಾಯಾಮ ಕಲಿತುಕೊಂಡರೆ ಗಂಟಲು ಗಟ್ಟಿಯಾಗಿ ಕೂತುಬಿಡುವುದನ್ನು ಬಹಳಷ್ಟು ತಡೆಯಬಹುದು.

ಇಷ್ಟು ಹೊತ್ತು ಹೇಳಿದ್ದು ಬಾಯಿ ಮತ್ತು ಗಂಟಲಿನ ತೊಂದರೆ. ಕೆಲವರು ಎದೆ ಮುಟ್ಟಿ ತೋರಿಸಿ, ನುಂಗಿದ್ದು ಇಲ್ಲಿ ನಿಲ್ಲುತ್ತದೆ ಅನ್ನುತ್ತಾರೆ. ಅದು ಹೆಚ್ಚಾಗಿ ಅನ್ನನಾಳದ್ದು. ಮೊದಲು ಚಪಾತಿ, ಆಮೇಲೆ ಅನ್ನ, ಆಮೇಲೆ ಗಂಜಿ, ಹೀಗೆ ಒಂದೊಂದಾಗಿ ಹೋಗದಿದ್ದರೆ, ಜೊತೆಗೆ ತೂಕ ಇಳಿಯುತ್ತಿದ್ದರೆ, ದಾರಿ ಕಿರಿದಾಗುತ್ತಿದೆ ಅಂತ ಅರ್ಥ. ಗ್ಯಾಸ್ ಅಂತ ಮಾತ್ರೆ ನುಂಗುತ್ತಾ ಕೂರಬೇಡಿ, ತಡ ಮಾಡದೆ ಎಂಡೋಸ್ಕೋಪಿ ಮಾಡಿಸಿ. ಶುರುವಿನಿಂದಲೇ ನೀರೂ ಗಟ್ಟಿ ಪದಾರ್ಥವೂ ಎರಡೂ ಸಿಕ್ಕಿಕೊಳ್ಳುತ್ತಿದ್ದರೆ ಅನ್ನನಾಳದ ಚಲನೆಯ ತೊಂದರೆ ಇರಬಹುದು. ಅದಕ್ಕೂ ಚಿಕಿತ್ಸೆ ಇದೆ.

ಮನೆಯಲ್ಲಿ ಏನು ಗಮನಿಸಬೇಕು? ತಿನ್ನುವಾಗ, ಕುಡಿಯುವಾಗ ಕೆಮ್ಮು. ನುಂಗಿದ ಮೇಲೆ ಮಾತಾಡಿಸಿದರೆ ಗಂಟಲಲ್ಲಿ ನೀರು ನಿಂತ ಹಾಗೆ ಗೊರಗೊರ ಸ್ವರ. ಕೆನ್ನೆಯ ಒಂದು ಬದಿಯಲ್ಲಿ ಅನ್ನ ಉಳಿಯುವುದು. ಮೂಗಿನಿಂದ ಬರುವುದು. ಒಂದು ಊಟಕ್ಕೆ ಅರ್ಧ ಗಂಟೆಗಿಂತ ಜಾಸ್ತಿ ಹಿಡಿಯುವುದು. ಕಾರಣ ಗೊತ್ತಾಗದ ಜ್ವರ ಮತ್ತೆ ಮತ್ತೆ ಬರುವುದು. ಅಜ್ಜ ನೀರು ಕೇಳುವುದನ್ನೇ ಬಿಟ್ಟಿದ್ದಾರೆ ಅಂದರೆ ಬಾಯಾರಿಕೆ ಇಲ್ಲ ಅಂತಲ್ಲ. ಕುಡಿದರೆ ಹಿಂಸೆ ಆಗುತ್ತದೆ ಅಂತ ಅವರೇ ಹೆದರಿ ಬಿಟ್ಟಿರಬಹುದು.

ಕೆಮ್ಮು ಬಂದರೆ ಕೆಮ್ಮಲು ಬಿಡಿ. ಕೆಮ್ಮು ಅವರನ್ನು ಕಾಯುತ್ತಿದೆ. ಆ ಹೊತ್ತಿಗೆ ನೀರು ಕುಡಿಸಬೇಡಿ, ಊಟದ ಕೆಮ್ಮಿಗೆ ಕೆಮ್ಮಿನ ಸಿರಪ್ ಕೊಡಬೇಡಿ. ಬೆರಳಿಗೆ ಹಾಕುವ ಆಕ್ಸಿಮೀಟರ್ ಈಗ ಎಷ್ಟೋ ಮನೆಗಳಲ್ಲಿ ಇದೆ. ಅದರಲ್ಲಿ ಸಂಖ್ಯೆ ಸರಿ ತೋರಿಸಿತು ಅಂತ ನುಂಗುವುದು ಸರಿ ಇದೆ ಎಂದು ತಿಳಿಯಬೇಡಿ. ಅದರಿಂದ ಇದನ್ನು ನಂಬಿಕೆಯಿಂದ ಹೇಳಲಾಗುವುದಿಲ್ಲ.

ನನಗೆ ಹೆಚ್ಚು ಭಯ ಇರುವುದು ಕೆಮ್ಮದವರ ಬಗ್ಗೆ. ಕೆಲವರಿಗೆ ಗಂಟಲಿನ ಸ್ಪರ್ಶವೇ ಕಡಿಮೆಯಾಗಿರುತ್ತದೆ. ನೀರು ಉಸಿರುನಾಳಕ್ಕೆ ಇಳಿದರೂ ಅವರಿಗೆ ಗೊತ್ತಾಗುವುದಿಲ್ಲ, ಕೆಮ್ಮು ಬರುವುದಿಲ್ಲ. ಎದುರು ಕೂತು ಊಟ ಮಾಡಿಸುವವರಿಗೆ ಎಲ್ಲ ಚೆನ್ನಾಗಿಯೇ ಕಾಣುತ್ತದೆ. ಇದನ್ನು ಹೊರಗಿನಿಂದ ಯಾರೂ ಕಂಡುಹಿಡಿಯಲಾರರು, ಎಷ್ಟು ಅನುಭವ ಇದ್ದರೂ.

ಹಾಗಾಗಿ ಪರೀಕ್ಷೆ. ನಾವು ಮೊದಲು ಮಾತಾಡಿಸುತ್ತೇವೆ, ತುಟಿ, ನಾಲಿಗೆ, ಕಿರುನಾಲಿಗೆ ಹೇಗೆ ಅಲುಗುತ್ತವೆ ನೋಡುತ್ತೇವೆ, ಕೆಮ್ಮಲು ಹೇಳಿ ಬಲ ನೋಡುತ್ತೇವೆ. ರೋಗಿ ಎಚ್ಚರವಾಗಿದ್ದು ಕೂರಲು ಆಗುತ್ತಿದ್ದರೆ ಒಂದೊಂದು ಚಮಚ ನೀರು. ಅದು ಸರಿ ಹೋದರೆ 90 ಮಿಲೀ ನೀರನ್ನು ನಿಲ್ಲಿಸದೆ ಕುಡಿಸಿ ನೋಡುವ ಪರೀಕ್ಷೆ ಇದೆ. ಕೆಮ್ಮದೆ, ನಿಲ್ಲಿಸದೆ, ಸ್ವರ ಕೆಡದೆ ಕುಡಿದರೆ ಸದ್ಯಕ್ಕೆ ಧೈರ್ಯ. ಇದನ್ನು ಮನೆಯಲ್ಲಿ ನೀವೇ ಮಾಡಿ ನೋಡಬೇಡಿ.

ಅನುಮಾನ ಉಳಿದರೆ ಒಳಗೆ ನೋಡಲೇಬೇಕು. ಅದಕ್ಕೆ ಎರಡು ದಾರಿ. ಒಂದರಲ್ಲಿ ಎಕ್ಸ್‌ರೇಯಲ್ಲಿ ಎದ್ದು ಕಾಣುವ ಬೇರಿಯಂ ಬೆರೆಸಿದ ನೀರು, ಗಟ್ಟಿ ದ್ರವ, ಬಿಸ್ಕತ್ತು ಕೊಟ್ಟು ನುಂಗುವಾಗಿನ ಎಕ್ಸ್‌ರೇಯನ್ನು ವಿಡಿಯೋ ಆಗಿ ತೆಗೆಯುತ್ತಾರೆ. ಯಾವ ಹದದ್ದು, ಎಷ್ಟು, ಯಾವ ಗಳಿಗೆಯಲ್ಲಿ ತಪ್ಪು ದಾರಿಗೆ ಹೋಯಿತು ಎಂಬುದು ಕಣ್ಣಿಗೆ ಕಾಣುತ್ತದೆ. ಇನ್ನೊಂದರಲ್ಲಿ ಮೂಗಿನ ಮೂಲಕ ತೆಳುವಾದ ಕ್ಯಾಮೆರಾ ಇಳಿಸಿ, ಬಣ್ಣ ಹಾಕಿದ ಆಹಾರ ಕೊಟ್ಟು ಗಂಟಲನ್ನು ಮೇಲಿನಿಂದ ನೋಡುತ್ತಾರೆ. ಈ ವಿಧಾನ 1988ರಿಂದ ಬಳಕೆಯಲ್ಲಿದೆ. ಹಾಸಿಗೆ ಬದಿಯಲ್ಲೇ ಮಾಡಬಹುದು, ಎಕ್ಸ್‌ರೇ ಬೇಕಿಲ್ಲ. ಎರಡರಲ್ಲೂ ನಾವು ತಪ್ಪು ಹುಡುಕುವುದರ ಜೊತೆಗೆ ಪರಿಹಾರವನ್ನೂ ಅಲ್ಲೇ ಹುಡುಕುತ್ತೇವೆ. ತಲೆ ಬಗ್ಗಿಸಿದರೆ ಸರಿಹೋಗುತ್ತದಾ? ಬಲ ಇಲ್ಲದ ಬದಿಗೆ ತಲೆ ತಿರುಗಿಸಿದರೆ? ಎರಡು ಸಲ ನುಂಗಿದರೆ? ಒಬ್ಬರಿಗೆ ಸರಿಹೋದ ಉಪಾಯ ಇನ್ನೊಬ್ಬರಿಗೆ ಕೆಡುಕು ಮಾಡಬಹುದು. ಪಕ್ಕದ ಬೆಡ್ಡಿನವರು ಹೇಳಿದ್ದನ್ನು ಮನೆಯಲ್ಲಿ ಮಾಡಬೇಡಿ ಅಂತ ನಾನು ಹಟ ಹಿಡಿಯುವುದು ಇದಕ್ಕೇ.

ಇದಕ್ಕೆ ದೂರದೂರಿಗೆ ಹೋಗಬೇಕಾಗಿಲ್ಲ. ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ 1965ರಲ್ಲಿ ಶುರುವಾಯಿತು. ಈಗ ಮಣಿಪಾಲದಲ್ಲೂ ಮಂಗಳೂರಿನಲ್ಲೂ ವಾಕ್ ಶ್ರವಣ ಕಲಿಸುವ ಕಾಲೇಜುಗಳಿವೆ. ಮಾತಿನ ಚಿಕಿತ್ಸಕರೇ ನುಂಗುವ ಚಿಕಿತ್ಸೆಯನ್ನೂ ಮಾಡುವುದು. ಬಹಳ ಜನರಿಗೆ ಇದು ಗೊತ್ತಿಲ್ಲ. ಡಿಸ್ಚಾರ್ಜ್ ಆಗುವ ಮೊದಲು ನೀವಾಗಿಯೇ ಕೇಳಿ: ಇವರ ನುಂಗುವಿಕೆಯನ್ನು ಯಾರಾದರೂ ನೋಡಿದ್ದಾರಾ?

ಈಗ ಅಡುಗೆಮನೆಗೆ ಬರೋಣ. ಗಂಜಿಯನ್ನು ಬಿಡಬೇಕಾಗಿಲ್ಲ, ಅದನ್ನು ಒಂದೇ ಹದಕ್ಕೆ ತರಬೇಕು. ಅಗಳನ್ನು ತಿಳಿಯೊಂದಿಗೆ ಮಿಕ್ಸಿಯಲ್ಲಿ ನುಣ್ಣಗೆ ರುಬ್ಬಿ, ಜರಡಿ ಹಿಡಿಯಿರಿ. ಚಮಚದಲ್ಲಿ ತೆಗೆದರೆ ಆಕಾರ ನಿಲ್ಲಬೇಕು, ಓರೆ ಮಾಡಿದರೆ ಪೂರ್ತಿ ಜಾರಿ ಬೀಳಬೇಕು, ಚಮಚಕ್ಕೆ ಅಂಟಿಕೊಳ್ಳಬಾರದು. ಅಂಟುವ ಪದಾರ್ಥ ಗಂಟಲಿಗೂ ಅಂಟುತ್ತದೆ. ರಾಗಿ ಮಣ್ಣಿ ನಮ್ಮಲ್ಲೇ ಇರುವ ಒಳ್ಳೆಯ ಆಹಾರ, ಗಂಟು ಕಟ್ಟದೆ, ಬಿಲ್ಲೆ ಆಗುವಷ್ಟು ಗಟ್ಟಿ ಮಾಡದೆ ಕಾಸಿದರೆ. ನೇಂದ್ರ ಬಾಳೆಹಣ್ಣು ಬೇಯಿಸಿ ಹಾಲು ಹಾಕಿ ರುಬ್ಬಬಹುದು. ತೊವ್ವೆ, ಬೇಯಿಸಿದ ಕುಂಬಳಕಾಯಿ, ಮುಳ್ಳು ಪೂರ್ತಿ ತೆಗೆದ ಮೀನು, ಎಲ್ಲವನ್ನೂ ಅದೇ ಹದಕ್ಕೆ ತರಬಹುದು. ಬರೀ ಗಂಜಿಯಲ್ಲಿ ಶಕ್ತಿ ಸಾಲುವುದಿಲ್ಲ. ತುಪ್ಪ, ತೆಂಗಿನ ಹಾಲು, ಮೊಟ್ಟೆ ತಿನ್ನುವವರಾದರೆ ಮೊಟ್ಟೆ ಸೇರಿಸಿ. ಒಣ ಕೋರಿ ರೊಟ್ಟಿ, ಚಕ್ಕುಲಿ, ಕಡಲೆ ಸದ್ಯಕ್ಕೆ ಬೇಡ. ನೀರುದೋಸೆ ಮೆತ್ತಗೆ ಕಂಡರೂ ಅಗಿಯಲು ಹಲ್ಲೂ ನಾಲಿಗೆಯೂ ಬೇಕು, ಕೇಳದೆ ಕೊಡಬೇಡಿ.

ಗಂಜಿಯ ಬಗ್ಗೆ ಇನ್ನೊಂದು ಸೂಕ್ಷ್ಮ ಇದೆ. ಎಂಜಲಿನಲ್ಲಿ ಪಿಷ್ಟವನ್ನು ಕರಗಿಸುವ ಗುಣ ಇದೆ. ಬಾಯಿಗೆ ಇಟ್ಟ ಚಮಚವನ್ನೇ ಮತ್ತೆ ಮತ್ತೆ ಬಟ್ಟಲಿಗೆ ಅದ್ದಿದರೆ, ಗಟ್ಟಿಯಾಗಿದ್ದ ಗಂಜಿ ಊಟದ ಕೊನೆಗೆ ನೀರಾಗಿರುತ್ತದೆ. ಸ್ವಲ್ಪ ಸ್ವಲ್ಪವೇ ಬೇರೆ ಬಟ್ಟಲಿಗೆ ಹಾಕಿಕೊಂಡು ತಿನ್ನಿಸಿ.

ಹದವನ್ನು ಅಳೆಯಲು ಈಗ ಎಲ್ಲ ದೇಶಗಳಿಗೂ ಸಲ್ಲುವ ಒಂದು ಪಟ್ಟಿ ಇದೆ, 0ಯಿಂದ 7ರವರೆಗೆ. ನೀರು 0, ಮಾಮೂಲಿ ಊಟ 7. ದ್ರವ ಅಳೆಯುವುದು ಸುಲಭ. 10 ಮಿಲೀ ಸಿರಿಂಜ್ ತನ್ನಿ, 0ಯಿಂದ 10ರ ಗುರುತಿನವರೆಗೆ ಉದ್ದ 61.5 ಮಿಲಿಮೀಟರ್ ಇರುವಂಥದ್ದು. ಹಿಂದಿನ ಹಿಡಿ ತೆಗೆದು, ತುದಿಗೆ ಬೆರಳು ಒತ್ತಿ, 10ರವರೆಗೆ ತುಂಬಿ. ಬೆರಳು ತೆಗೆದು 10 ಸೆಕೆಂಡು ಆದ ಮೇಲೆ ಮತ್ತೆ ಮುಚ್ಚಿ. 1 ಮಿಲೀಗಿಂತ ಕಡಿಮೆ ಉಳಿದರೆ ಅದು ತೆಳು ನೀರು. 1ರಿಂದ 4 ಉಳಿದರೆ 1ನೇ ಹಂತ, 4ರಿಂದ 8 ಉಳಿದರೆ 2ನೇ ಹಂತ, 8ಕ್ಕಿಂತ ಜಾಸ್ತಿ ಉಳಿದರೆ 3. ಏನೂ ಇಳಿಯದಿದ್ದರೆ 4. ಚಿಕಿತ್ಸಕರು ನಿಮಗೆ ಯಾವ ಹಂತ ಅಂತ ಹೇಳುತ್ತಾರೆ. ಮಕ್ಕಳು ಮುಂಬಯಿಯಲ್ಲೋ ದುಬೈಯಲ್ಲೋ ಇದ್ದು, ಇಲ್ಲಿ ಹೋಂ ನರ್ಸ್ ಬದಲಾಗುತ್ತಿರುವ ಮನೆಗಳಲ್ಲಿ ಇದು ಬಹಳ ಉಪಕಾರಿ. "ಸ್ವಲ್ಪ ಗಟ್ಟಿ" ಅಂದರೆ ಒಬ್ಬೊಬ್ಬರಿಗೆ ಒಂದೊಂದು ಅರ್ಥ. ಸಂಖ್ಯೆ ಬರೆದು ಗೋಡೆಗೆ ಅಂಟಿಸಿದರೆ ಗೊಂದಲ ಇಲ್ಲ.

ಹಾಗಂತ ಎಲ್ಲರ ನೀರನ್ನೂ ಗಟ್ಟಿ ಮಾಡಬೇಡಿ. ಗಟ್ಟಿ ನೀರು ಯಾರಿಗೂ ರುಚಿಸುವುದಿಲ್ಲ. ಕುಡಿಯುವುದು ಕಡಿಮೆಯಾಗಿ ಮೈಯ ನೀರು ಒಣಗುತ್ತದೆ. ಕೆಲವರಿಗೆ ಗಟ್ಟಿಯಾದದ್ದು ಗಂಟಲಲ್ಲೇ ಉಳಿದು ಇನ್ನೊಂದು ತೊಂದರೆ ತರುತ್ತದೆ. ಬೇಕಾದವರಿಗೆ, ಬೇಕಾದಷ್ಟು ದಿನ ಮಾತ್ರ. ಮತ್ತೆ ಪರೀಕ್ಷೆ ಮಾಡಿಸಿ, ಸಾಧ್ಯವಾದಷ್ಟು ಬೇಗ ಮಾಮೂಲಿ ನೀರಿಗೆ ಮರಳಿಸುವುದೇ ನಮ್ಮ ಗುರಿ.

ಕೂರಿಸುವ ರೀತಿ. ಬೆನ್ನು ನೇರ, ಕಾಲು ನೆಲಕ್ಕೆ ತಾಗಿರಲಿ, ಗಲ್ಲ ಸ್ವಲ್ಪ ಕೆಳಗೆ. ತಿನ್ನಿಸುವವರು ನಿಂತುಕೊಂಡರೆ ರೋಗಿ ತಲೆ ಮೇಲಕ್ಕೆತ್ತುತ್ತಾರೆ, ಆದ್ದರಿಂದ ನೀವೂ ಎದುರು ಕೂತುಕೊಳ್ಳಿ. ತಲೆ ಹಿಂದಕ್ಕೆ ಬಾಗಿದರೆ ನೀರು ನೇರ ಉಸಿರಿನ ದಾರಿಗೆ ಓಡುತ್ತದೆ. ಚೊಂಬು ಮೇಲಕ್ಕೆ ಎತ್ತಿ, ತುಟಿಗೆ ತಾಗಿಸದೆ ಕುಡಿಯುವುದು ನಮ್ಮ ಹಿರಿಯರ ಅಭ್ಯಾಸ. ಎಂಜಲು ಮಾಡಬಾರದು ಅಂತ ಜೀವನಪೂರ್ತಿ ಪಾಲಿಸಿಕೊಂಡು ಬಂದಿರುತ್ತಾರೆ, ಅದಕ್ಕೆ ಗೌರವ ಕೊಡಬೇಕು. ಅವರಿಗೇ ಅಂತ ಒಂದು ಅಗಲ ಬಾಯಿಯ ಲೋಟ ಬೇರೆ ತೆಗೆದಿಟ್ಟು, "ಅಜ್ಜಾ, ಇದು ನಿಮ್ಮದು ಮಾತ್ರ" ಅಂತ ಹೇಳಿದರೆ ಹೆಚ್ಚಿನವರು ಒಪ್ಪುತ್ತಾರೆ. ತೀರ್ಥದ ವಿಷಯವೂ ಹಾಗೇ. ಮಠದಿಂದ ತಂದ ತೀರ್ಥವನ್ನು ಮಲಗಿದವರ ಬಾಯಿಗೆ ಉದ್ಧರಣೆಯಿಂದ ಬಿಡಬೇಡಿ. ಅವರ ತುಟಿಗೆ ಸವರಿ, ಕಣ್ಣಿಗೆ ಒತ್ತಿ, ತಲೆಗೆ ಪ್ರೋಕ್ಷಣೆ ಮಾಡಿ. ನೋಡಲು ಬಂದ ನೆಂಟರಿಗೂ ಇದನ್ನು ಮೊದಲೇ ಹೇಳಿಡಿ. ಊಟ ಆದ ಮೇಲೆ ಅರ್ಧ ಗಂಟೆ ಕೂತೇ ಇರಲಿ.

ಬಾಯಿ ಶುದ್ಧಿಯ ಬಗ್ಗೆ ನಾನು ಸಾಮಾನ್ಯವಾಗಿ ಜೋರಾಗಿಯೇ ಹೇಳುತ್ತೇನೆ. ಶ್ವಾಸಕೋಶಕ್ಕೆ ಹೋಗುವ ನೀರಿಗಿಂತ ಅದರ ಜೊತೆಗೆ ಹೋಗುವ ಬಾಯಿಯ ಕ್ರಿಮಿಗಳು ಹೆಚ್ಚು ಕೇಡು. ದಿನಕ್ಕೆ ಎರಡು ಸಲವಾದರೂ ಹಲ್ಲು, ನಾಲಿಗೆ ಉಜ್ಜಿ. ಕಟ್ಟಿಸಿದ ಹಲ್ಲಿನ ಸೆಟ್ ರಾತ್ರಿ ತೆಗೆದಿಡಿ. ಹೊಟ್ಟೆಗೆ ಆಹಾರ ಕೊಡಲು ಮೂಗಿನಲ್ಲಿ ನಳಿಗೆ ಹಾಕಿರುವವರಿಗೆ ಬಾಯಿ ತೊಳೆಯುವುದು ಬೇಡ ಅಂತ ಬಿಟ್ಟುಬಿಡುತ್ತಾರೆ. ಅವರಿಗೇ ಅದು ಎಲ್ಲರಿಗಿಂತ ಜಾಸ್ತಿ ಬೇಕು.

ನಳಿಗೆ ಅಂದೆ. ರೈಲ್ಸ್ ಟ್ಯೂಬ್ ಹಾಕಿದರು ಅಂದರೆ ಮುಗಿಯಿತು ಅಂತ ಮನೆಯವರು ಅಳುತ್ತಾರೆ. ಲಕ್ವದ ನಂತರ ಅದು ಹೆಚ್ಚಾಗಿ ತಾತ್ಕಾಲಿಕ, ಶಕ್ತಿ ಉಳಿಸಿಕೊಳ್ಳಲು. ಸುಮಾರು 4ರಿಂದ 6 ವಾರಕ್ಕಿಂತ ಜಾಸ್ತಿ ಬೇಕಾಗುತ್ತದೆ ಅನಿಸಿದರೆ ಹೊಟ್ಟೆಗೆ ನೇರ ನಳಿಗೆ ಇಡುವ ಪೆಗ್ ಬಗ್ಗೆ ವೈದ್ಯರೊಂದಿಗೆ ಮಾತಾಡಿ. ಅದರಿಂದ ಮುಖ ಬಿಡುವಾಗುತ್ತದೆ, ನುಂಗುವ ಅಭ್ಯಾಸವೂ ಸುಲಭ. ಆದರೆ ನಳಿಗೆ ಇದ್ದರೆ ನ್ಯುಮೋನಿಯಾ ಬರುವುದೇ ಇಲ್ಲ ಅಂತಲ್ಲ. ಎಂಜಲು ಇಳಿಯುತ್ತಲೇ ಇರುತ್ತದೆ, ಹೊಟ್ಟೆಯಿಂದಲೂ ಮೇಲೆ ಬರಬಹುದು. ಕೊಡುವಾಗಲೂ ಕೊಟ್ಟ ಮೇಲೆ ಅರ್ಧದಿಂದ ಒಂದು ಗಂಟೆಯೂ ತಲೆಭಾಗ ಎತ್ತರಕ್ಕೆ ಇರಲಿ. ಮೂಗಿನ ಬಳಿಯ ಗುರುತು ಸರಿದಿದ್ದರೆ ಏನೂ ಹಾಕಬೇಡಿ, ಆಸ್ಪತ್ರೆಗೆ ಫೋನ್ ಮಾಡಿ.

ಮರೆವಿನ ಕಾಯಿಲೆ ತುಂಬಾ ಮುಂದುವರಿದವರ ವಿಷಯ ಬೇರೆ. ಊಟ ಬಾಯಲ್ಲೇ ಇಟ್ಟುಕೊಂಡು ನುಂಗುವುದನ್ನೇ ಮರೆಯುತ್ತಾರೆ. ಅವರಿಗೆ ನಳಿಗೆ ಹಾಕಿದರೆ ಆಯುಸ್ಸು ಹೆಚ್ಚುತ್ತದೆ, ನ್ಯುಮೋನಿಯಾ ತಪ್ಪುತ್ತದೆ ಎಂಬುದಕ್ಕೆ ಆಧಾರ ಸಿಕ್ಕಿಲ್ಲ. ನಳಿಗೆ ಕಿತ್ತುಕೊಳ್ಳದಂತೆ ಕೈ ಕಟ್ಟಬೇಕಾಗುತ್ತದೆ, ಅದು ನೋಡಲಾಗದ ಹಿಂಸೆ. ಎಚ್ಚರವಾಗಿರುವ ಹೊತ್ತು ನೋಡಿ, ಅವರಿಗೆ ಇಷ್ಟವಾದದ್ದನ್ನು ನುಣ್ಣಗೆ ಮಾಡಿ, ಕೈಯಾರೆ ಸ್ವಲ್ಪ ಸ್ವಲ್ಪ ತಿನ್ನಿಸುವುದೇ ಒಳ್ಳೆಯದು ಅಂತ ಹಿರಿಯರ ಆರೈಕೆಯ ತಜ್ಞರು ಹೇಳುತ್ತಾರೆ. ನನ್ನ ಅಭಿಪ್ರಾಯವೂ ಅದೇ. ಎಷ್ಟು ಕಡಿಮೆ ತಿಂದರೂ ಸರಿ. "ಹಸಿವಿನಲ್ಲಿ ಇಟ್ಟಿದ್ದೀರಿ" ಅಂತ ನೆಂಟರು ಹೇಳಿದರೆ, ಈ ಮಾತನ್ನು ವೈದ್ಯರ ಎದುರಿಗೇ ಒಮ್ಮೆ ಆಡಿಸಿಬಿಡಿ. ಆ ಭಾರವನ್ನು ಸೊಸೆಯೊಬ್ಬಳೇ ಹೊರಬಾರದು.

ಮಾತು ಮುಗಿದ ಮೇಲೆ ಬಂದ ಎರಡು ಪ್ರಶ್ನೆಗಳನ್ನು ಇಲ್ಲಿ ಸೇರಿಸಿದ್ದೇನೆ.

ಮೀನಿನ ಮುಳ್ಳು ಸಿಕ್ಕಿದರೆ ಅನ್ನದ ಉಂಡೆ ನುಂಗಬಹುದಾ ಅಂತ ಒಬ್ಬರು ಕೇಳಿದರು. ಬೇಡ. ಮುಳ್ಳು ಇನ್ನೂ ಆಳಕ್ಕೆ ಚುಚ್ಚಬಹುದು. ಚುಚ್ಚುವುದು ಹೋಗದಿದ್ದರೆ ಕಿವಿ ಮೂಗು ಗಂಟಲು ವೈದ್ಯರ ಬಳಿ ಹೋಗಿ.

ಮಾತ್ರೆ ಪುಡಿ ಮಾಡಿ ಕೊಡಬಹುದಾ ಅಂತ ಇನ್ನೊಬ್ಬರು. ಎಲ್ಲವನ್ನೂ ಅಲ್ಲ. ದಿನವಿಡೀ ನಿಧಾನವಾಗಿ ಕರಗುವಂತೆ ಮಾಡಿದ ಮಾತ್ರೆಗಳ ಹೆಸರಿನ ಕೊನೆಯಲ್ಲಿ ಹೆಚ್ಚಾಗಿ ಎಸ್‌ಆರ್, ಎಕ್ಸ್‌ಆರ್, ಇಆರ್ ಅಂತ ಇರುತ್ತದೆ. ಅವನ್ನು ಪುಡಿ ಮಾಡಿದರೆ ಇಡೀ ದಿನದ ಔಷಧಿ ಒಮ್ಮೆಲೇ ಮೈಗೆ ಸೇರುತ್ತದೆ. ಹೊಟ್ಟೆಯಲ್ಲಿ ಕರಗದಂತೆ ಹೊದಿಕೆ ಹಾಕಿದವೂ ಇವೆ. ಮೂಳೆ ಸವೆತಕ್ಕೆ ವಾರಕ್ಕೊಮ್ಮೆ ಕೊಡುವ ಕೆಲವು ಮಾತ್ರೆಗಳು ಅನ್ನನಾಳದಲ್ಲಿ ನಿಂತರೆ ಹುಣ್ಣು ಮಾಡುತ್ತವೆ. ಅವನ್ನು ನುಂಗುವ ತೊಂದರೆ ಇರುವವರಿಗೆ ಕೊಡಬೇಕೇ ಅಂತ ವೈದ್ಯರನ್ನು ಕೇಳಲೇಬೇಕು. ಮಾತ್ರೆಗಳ ಚೀಲವನ್ನೇ ಹಿಡಿದುಕೊಂಡು ಹೋಗಿ, ಒಂದೊಂದನ್ನೂ ತೋರಿಸಿ, ಪುಡಿ ಮಾಡಬಹುದಾ, ಇದಕ್ಕೆ ಸಿರಪ್ ಸಿಗುತ್ತದಾ ಅಂತ ಕೇಳಿ ಚೀಟಿಯಲ್ಲಿ ಬರೆಸಿಕೊಳ್ಳಿ.